ಐದು ವರ್ಷ ತುಂಬುವ ತನಕ: ಜಗತ್ತಿನ ಮಕ್ಕಳ ಉಳಿವಿನ ಕಥೆ



ತಿಪ್ಪಣ್ಣ, ತಿಪ್ಪಮ್ಮ, ಗುಂಡಪ್ಪ, ಕಲ್ಲಪ್ಪ, ತಿರುಕಪ್ಪ ಎಂಬ ಹೆಸರಿನ ಹಿರಿಯರು ನಿಮ್ಮ ಊರಿನಲ್ಲೋ ಬಂಧುಬಳಗದಲ್ಲೋ ಇದ್ದೇ ಇರುತ್ತಾರೆ. ಇವುಗಳಲ್ಲಿ ಕೆಲವು ದೇವರ ಹೆಸರಿನಿಂದ, ಗುರುಗಳ ಹೆಸರಿನಿಂದ ಬಂದಿರಬಹುದು. ಆದರೆ ಎಷ್ಟೋ ಮನೆಗಳಲ್ಲಿ ಇವುಗಳ ಹಿಂದೆ ಬೇರೊಂದು ಕಾರಣವಿತ್ತು. ಹುಟ್ಟಿದ ಮಕ್ಕಳು ಒಂದಾದ ಮೇಲೊಂದು ತೀರಿಕೊಂಡಾಗ, ಮುಂದೆ ಹುಟ್ಟಿದ ಕೂಸನ್ನು ತಿಪ್ಪೆಯ ಮೇಲೆ ಉರುಳಿಸಿ ‘ತಿಪ್ಪ’ ಎಂದು ಕರೆಯುತ್ತಿದ್ದರು. ಕಸದಂತೆ, ಕಲ್ಲಿನಂತೆ ಕಾಣುವ ಈ ಮಗುವಿನ ಮೇಲೆ ಮೃತ್ಯುವಿನ ಕಣ್ಣು ಬೀಳದಿರಲಿ ಎಂಬುದು ಹೆತ್ತವರ ಆಸೆ.

ಇಲ್ಲಿಂದ ಸಾವಿರಾರು ಮೈಲಿ ದೂರದ ನೈಜೀರಿಯಾ ದೇಶದಲ್ಲಿ ಯೊರುಬಾ ಎಂಬ ಜನಾಂಗವಿದೆ. ಅವರಲ್ಲಿ ‘ಮಲೊಮೊ’ ಎಂಬ ಹೆಸರುಂಟು. ‘ಮತ್ತೆ ಹೋಗಬೇಡ’ ಎಂದು ಅದರ ಅರ್ಥ. ‘ಡುರೊಜಾಯೆ’ ಎಂಬುದು ಇನ್ನೊಂದು ಹೆಸರು. ‘ನಿಂತು ಬಾಳನ್ನು ಅನುಭವಿಸು’ ಎಂದು ಅದರ ಅರ್ಥ. ಭಾಷೆ ಬೇರೆ, ಖಂಡ ಬೇರೆ, ತಾಯಿಯ ಮೊರೆ ಒಂದೇ. ಮಕ್ಕಳ ಸಾವು ಎಷ್ಟು ಸಾಮಾನ್ಯವಾಗಿತ್ತೆಂಬುದನ್ನು ಅಂಕಿಅಂಶಗಳು ಹುಟ್ಟುವುದಕ್ಕೂ ಮೊದಲೇ ಜನ ತಮ್ಮ ಹೆಸರುಗಳಲ್ಲಿ ದಾಖಲಿಸಿದ್ದಾರೆ.

ಇಂದು ನಾವು ಮಾತನಾಡಲಿರುವುದು ಈ ಮೊರೆಗೆ ಇಪ್ಪತ್ತನೆಯ ಶತಮಾನ ಕೊಟ್ಟ ಉತ್ತರದ ಬಗ್ಗೆ. ಆ ಉತ್ತರ ಇನ್ನೂ ತಲುಪದಿರುವ ಮನೆಗಳ ಬಗ್ಗೆ.

ಒಂದು ಅಳತೆಗೋಲು

ದೇಶವೊಂದರ ಆರೋಗ್ಯವನ್ನು ಅಳೆಯುವುದು ಹೇಗೆ? ಆಸ್ಪತ್ರೆಗಳನ್ನು ಎಣಿಸಬಹುದು, ವೈದ್ಯರನ್ನು ಎಣಿಸಬಹುದು, ತಲಾ ಆದಾಯವನ್ನು ನೋಡಬಹುದು. ಇವೆಲ್ಲಕ್ಕಿಂತ ಸರಳವಾದ ಅಳತೆಯೊಂದಿದೆ. ಜೀವಂತವಾಗಿ ಹುಟ್ಟಿದ ಪ್ರತಿ 1,000 ಮಕ್ಕಳಲ್ಲಿ ಐದು ವರ್ಷ ತುಂಬುವ ಮೊದಲೇ ತೀರಿಕೊಳ್ಳುವವರು ಎಷ್ಟು ಮಂದಿ? ಇದನ್ನು ಐದು ವರ್ಷದೊಳಗಿನ ಮಕ್ಕಳ ಮರಣ ದರ ಎನ್ನುತ್ತಾರೆ.

ಈ ಅಳತೆಗೆ ಒಂದು ಗುಣವಿದೆ. ಸರಾಸರಿ ಆದಾಯದ ಲೆಕ್ಕದಲ್ಲಿ ಒಬ್ಬ ಕೋಟ್ಯಧೀಶ ಸಾವಿರ ಬಡವರನ್ನು ಮರೆಮಾಡಬಲ್ಲ. ಮಕ್ಕಳ ಬದುಕಿನ ಲೆಕ್ಕದಲ್ಲಿ ಅದು ಸಾಧ್ಯವಿಲ್ಲ. ಶ್ರೀಮಂತನ ಮಗು ಎಷ್ಟೇ ಚೆನ್ನಾಗಿ ಬೆಳೆದರೂ ಬದುಕುವುದು ಒಂದೇ ಬದುಕು. ಕುಡಿಯುವ ನೀರು, ತಾಯಿಯ ಓದು, ಮನೆಯ ಊಟ, ಲಸಿಕೆ, ರಸ್ತೆ, ದಾದಿಯರ ಸೇವೆ ಎಲ್ಲವೂ ಕೊನೆಗೆ ಬಂದು ಸೇರುವುದು ಈ ಒಂದು ಸಂಖ್ಯೆಯಲ್ಲಿ.

ಹದಿನೆಂಟನೆಯ ಶತಮಾನದ ಮಧ್ಯಭಾಗದಿಂದಲೇ ಜನನ ಮರಣಗಳನ್ನು ದೇಶದಾದ್ಯಂತ ದಾಖಲಿಸುತ್ತ ಬಂದ ದೇಶ ಸ್ವೀಡನ್. ಆ ಕಾಲದಲ್ಲಿ ಅಲ್ಲಿ ಹುಟ್ಟಿದ ಪ್ರತಿ ಐದು ಕೂಸುಗಳಲ್ಲಿ ಒಂದು, ವರ್ಷ ತುಂಬುವ ಮೊದಲೇ ಸಾಯುತ್ತಿತ್ತು. ಇಂದು ಸಿರಿವಂತವೆನಿಸಿದ ದೇಶಗಳು ಕೂಡ ಅಂದು ನಮ್ಮ ಹಾಗೆಯೇ ಇದ್ದವು ಎಂಬುದನ್ನು ಇದರಿಂದ ತಿಳಿಯಬಹುದು. ಮಕ್ಕಳ ಸಾವು ಯಾವುದೇ ದೇಶದ ಹಣೆಬರಹವಲ್ಲ.

1990ರಲ್ಲಿ ಜಗತ್ತಿನಲ್ಲಿ ಐದು ವರ್ಷದೊಳಗಿನ ಸುಮಾರು 1 ಕೋಟಿ 28 ಲಕ್ಷ ಮಕ್ಕಳು ತೀರಿಕೊಂಡರು. ಸಾವಿರಕ್ಕೆ 93ರ ದರ. 2022ರಲ್ಲಿ ಈ ಸಂಖ್ಯೆ 49 ಲಕ್ಷಕ್ಕೆ ಇಳಿಯಿತು. ದರ ಸಾವಿರಕ್ಕೆ 37. ವಿಶ್ವಸಂಸ್ಥೆಯ ಲೆಕ್ಕದಲ್ಲಿ ವಾರ್ಷಿಕ ಸಂಖ್ಯೆ 50 ಲಕ್ಷಕ್ಕಿಂತ ಕೆಳಗೆ ಬಂದದ್ದು ಅದೇ ಮೊದಲು. ಇದನ್ನು ನಾವು ನೀವು ಕುಳಿತಿರುವ ಈ ಇಪ್ಪತ್ತು ನಿಮಿಷಗಳ ಅವಧಿಗೆ ಇಳಿಸಿ ನೋಡೋಣ. 1990ರಲ್ಲಿ ಇಷ್ಟು ಹೊತ್ತಿನಲ್ಲಿ ಸುಮಾರು 480 ಮಕ್ಕಳು ಸಾಯುತ್ತಿದ್ದರು. 2022ರಲ್ಲಿ ಸುಮಾರು 180. ಉಳಿದ 300 ಮಕ್ಕಳು ಬದುಕಿದರು ಎಂದು ಸಂತೋಷಪಡಬೇಕು. ಆ 180ರಲ್ಲಿ ಹೆಚ್ಚಿನವರು ಗೊತ್ತಿರುವ ಕಾಯಿಲೆಗಳಿಂದ, ಗೊತ್ತಿರುವ ಚಿಕಿತ್ಸೆ ಸಿಗದೆ ಸತ್ತರು ಎಂಬುದನ್ನೂ ಮರೆಯಬಾರದು.

ಭೇದಿ ಎಂಬ ಮಾರಿ

ಇಷ್ಟು ಮಕ್ಕಳು ಬದುಕಿದ್ದು ಹೇಗೆ? ಉತ್ತರ ದೊಡ್ಡ ಯಂತ್ರಗಳಲ್ಲಿ ಇದೆಯೆಂದು ನೀವು ಭಾವಿಸಿದ್ದರೆ, ಸ್ವಲ್ಪ ತಾಳಿ. ಒಂದು ಉದಾಹರಣೆಯನ್ನು ವಿವರವಾಗಿ ನೋಡೋಣ.

1980ರ ಸುಮಾರಿಗೆ ಜಗತ್ತಿನಲ್ಲಿ ವರ್ಷಕ್ಕೆ ಸುಮಾರು 45 ಲಕ್ಷ ಮಕ್ಕಳು ಭೇದಿಯಿಂದ ಸಾಯುತ್ತಿದ್ದರು. ಭೇದಿಯಲ್ಲಿ ಮಗುವನ್ನು ಕೊಲ್ಲುವುದು ಬಹುಪಾಲು ರೋಗಾಣುವಲ್ಲ, ನೀರಿನ ನಷ್ಟ. ಮಲದೊಂದಿಗೆ ನೀರೂ ಲವಣಗಳೂ ಹೊರಟುಹೋಗುತ್ತವೆ. ಬಾಯಿ ಒಣಗುತ್ತದೆ, ಕಣ್ಣು ಗುಳಿ ಬೀಳುತ್ತದೆ, ಅತ್ತರೆ ಕಣ್ಣೀರು ಬರುವುದಿಲ್ಲ, ಹೊಟ್ಟೆಯ ಚರ್ಮವನ್ನು ಚಿವುಟಿ ಬಿಟ್ಟರೆ ಅದು ನಿಧಾನವಾಗಿ ಹಿಂದಕ್ಕೆ ಹೋಗುತ್ತದೆ. ರಕ್ತದ ಪ್ರಮಾಣ ಕುಗ್ಗಿ ಕೊನೆಗೆ ಹೃದಯ ಸೋಲುತ್ತದೆ. ಕಾಲರಾದಲ್ಲಂತೂ ಇದೆಲ್ಲ ಕೆಲವೇ ಗಂಟೆಗಳಲ್ಲಿ ನಡೆದುಹೋಗಬಹುದು.

ಹೋದ ನೀರನ್ನು ಹಿಂತಿರುಗಿಸಿದರೆ ರೋಗಿ ಬದುಕುತ್ತಾನೆ ಎಂಬ ಸಂಗತಿ ಹೊಸದೇನಲ್ಲ. ಸ್ಕಾಟ್ಲೆಂಡಿನ ಥಾಮಸ್ ಲಾಟ್ಟಾ ಎಂಬ ವೈದ್ಯ 1832ರಲ್ಲೇ ಕಾಲರಾ ರೋಗಿಗಳ ರಕ್ತನಾಳಕ್ಕೆ ಉಪ್ಪುನೀರು ಹಾಯಿಸಿದ್ದ. ಆಸ್ಪತ್ರೆಯಲ್ಲಿ ಗ್ಲೂಕೋಸ್ ಬಾಟಲಿ ಏರಿಸುವುದನ್ನು ನೀವೆಲ್ಲ ನೋಡಿದ್ದೀರಿ. ಆದರೆ ಅದಕ್ಕೆ ಶುದ್ಧೀಕರಿಸಿದ ದ್ರವ ಬೇಕು, ಸೂಜಿ ಬೇಕು, ನಾಳ ಹುಡುಕಬಲ್ಲ ಕೈ ಬೇಕು. ಹತ್ತು ಮೈಲಿ ನಡೆದರೂ ಆಸ್ಪತ್ರೆ ಸಿಗದ ಹಳ್ಳಿಯಲ್ಲಿ ಇವೆಲ್ಲ ಎಲ್ಲಿಂದ ಬರಬೇಕು?

ಹಾಗಾದರೆ ನೀರನ್ನು ಬಾಯಿಂದಲೇ ಕುಡಿಸಬಾರದೇಕೆ? ಕುಡಿಸುತ್ತಿದ್ದರು. ಬರಿಯ ನೀರು, ಬರಿಯ ಉಪ್ಪುನೀರು ಕರುಳಿನಲ್ಲಿ ಹೀರಲ್ಪಡದೆ ಹಾಗೆಯೇ ಹೊರಗೆ ಹೋಗುತ್ತಿತ್ತು. ಇದನ್ನು ಕಂಡೇ ಭೇದಿಯಾದಾಗ ನೀರು ಕೊಡಬಾರದು, ಹೊಟ್ಟೆಗೆ ವಿಶ್ರಾಂತಿ ಬೇಕು ಎಂಬ ನಂಬಿಕೆ ಬೆಳೆಯಿತು. ನಮ್ಮ ಹಳ್ಳಿಗಳಲ್ಲೂ ಅದು ಇತ್ತು. ದೊಡ್ಡ ಪುಸ್ತಕ ಓದಿದ ವೈದ್ಯರಲ್ಲೂ ಇತ್ತು.

ಕರುಳಿನೊಳಗಿನ ಬಾಗಿಲು

ಇಲ್ಲಿ ವಿಜ್ಞಾನ ನೆರವಿಗೆ ಬಂತು. 1953ರಲ್ಲಿ ಕಲ್ಕತ್ತೆಯ ವೈದ್ಯ ಹೇಮೇಂದ್ರನಾಥ ಚಟರ್ಜಿಯವರು, ಕಾಲರಾ ರೋಗಿಗಳಿಗೆ ಉಪ್ಪು ಮತ್ತು ಗ್ಲೂಕೋಸ್ ಬೆರೆಸಿದ ನೀರನ್ನು ಕುಡಿಸಿ ಗುಣಪಡಿಸಿದ್ದನ್ನು ‘ಲ್ಯಾನ್ಸೆಟ್’ ವೈದ್ಯಕೀಯ ಪತ್ರಿಕೆಯಲ್ಲಿ ಪ್ರಕಟಿಸಿದರು. ಏಕೆ ಗುಣವಾಯಿತೆಂಬ ಕಾರಣ ಆಗ ಸ್ಪಷ್ಟವಿರಲಿಲ್ಲ. ಜಗತ್ತು ಅಷ್ಟಾಗಿ ಗಮನಿಸಲಿಲ್ಲ. 1960ರಲ್ಲಿ ರಾಬರ್ಟ್ ಕ್ರೇನ್ ಎಂಬ ಜೀವರಸಾಯನ ವಿಜ್ಞಾನಿ ಆ ಕಾರಣವನ್ನು ವಿವರಿಸಿದ.

ಸಣ್ಣ ಕರುಳಿನ ಗೋಡೆಯ ಜೀವಕೋಶಗಳಲ್ಲಿ ಒಂದು ವಿಶೇಷ ಬಾಗಿಲಿದೆ ಎಂದು ಕಲ್ಪಿಸಿಕೊಳ್ಳಿ. ಗ್ಲೂಕೋಸ್ ಒಂದೇ ಬಂದರೆ ಅದು ತೆರೆಯದು. ಉಪ್ಪಿನ ಸೋಡಿಯಂ ಒಂದೇ ಬಂದರೂ ತೆರೆಯದು. ಎರಡೂ ಜೊತೆಯಾಗಿ ಬಂದರೆ ಬಾಗಿಲು ತೆರೆದು ಎರಡನ್ನೂ ಒಳಗೆ ಬಿಟ್ಟುಕೊಳ್ಳುತ್ತದೆ. ಅವು ಹೋದಲ್ಲಿಗೆ ನೀರೂ ಹಿಂಬಾಲಿಸುತ್ತದೆ. ಕಾಲರಾದ ವಿಷ ಕರುಳಿನಿಂದ ನೀರನ್ನು ಹೊರಕ್ಕೆ ಸುರಿಯುವಂತೆ ಮಾಡುತ್ತದೆ ನಿಜ; ಆದರೆ ಈ ಬಾಗಿಲನ್ನು ಅದು ಕೆಡಿಸುವುದಿಲ್ಲ. ಮುಂಬಾಗಿಲಲ್ಲಿ ನೀರು ಹೋಗುತ್ತಿರುವಾಗಲೇ ಹಿತ್ತಿಲ ಬಾಗಿಲಿನಿಂದ ನೀರು ತುಂಬಬಹುದು.

ಸಕ್ಕರೆ ಒಳ್ಳೆಯದೆಂದು ಹೆಚ್ಚು ಹಾಕಿದರೆ ಏನಾಗುತ್ತದೆ? ಪರಾಸರಣದ ಪಾಠ ಓದಿರುವ ನೀವೇ ಉತ್ತರಿಸಬಹುದು. ಕರುಳಿನೊಳಗಿನ ದ್ರಾವಣ ರಕ್ತಕ್ಕಿಂತ ಸಾಂದ್ರವಾದರೆ, ಅದು ದೇಹದ ನೀರನ್ನೇ ಕರುಳಿನೊಳಕ್ಕೆ ಎಳೆಯುತ್ತದೆ, ಭೇದಿ ಹೆಚ್ಚುತ್ತದೆ. ಆದ್ದರಿಂದ ಇಲ್ಲಿ ಅಳತೆಯೇ ಔಷಧಿ.

1968ರಲ್ಲಿ ಢಾಕಾದ ಕಾಲರಾ ಸಂಶೋಧನಾ ಪ್ರಯೋಗಾಲಯದಲ್ಲಿ ಡೇವಿಡ್ ನೇಲಿನ್ ಮತ್ತು ರಿಚರ್ಡ್ ಕ್ಯಾಶ್ ಎಂಬ ಯುವ ವೈದ್ಯರು ರೋಗಿಗಳಲ್ಲಿ ಇದನ್ನು ಕ್ರಮಬದ್ಧವಾಗಿ ಪರೀಕ್ಷಿಸಿದರು. ದೇಹದಿಂದ ಹೋದಷ್ಟೇ ದ್ರಾವಣವನ್ನು ಅಳೆದು ಬಾಯಿಂದ ಕುಡಿಸಿದಾಗ, ರಕ್ತನಾಳದ ಮೂಲಕ ಕೊಡಬೇಕಾದ ದ್ರವದ ಪ್ರಮಾಣ ಶೇಕಡ 80ರಷ್ಟು ತಗ್ಗಿತು. ಆಸ್ಪತ್ರೆಯ ಒಳಗೆ ಇದು ಸಾಬೀತಾಯಿತು. ಹೊರಗೆ, ಕೆಸರಿನಲ್ಲಿ, ಜನಜಂಗುಳಿಯಲ್ಲಿ ಇದು ನಡೆದೀತೇ ಎಂಬ ಪ್ರಶ್ನೆ ಉಳಿಯಿತು.

ಬನಗಾಂವ್, 1971

ಆ ಪ್ರಶ್ನೆಗೆ ಉತ್ತರ ಕೊಡಬೇಕಾಗಿ ಬಂದದ್ದು ಯುದ್ಧಕಾಲದಲ್ಲಿ. 1971ರ ಬಾಂಗ್ಲಾದೇಶ ವಿಮೋಚನೆಯ ಹೋರಾಟದ ವೇಳೆ ಸುಮಾರು ಒಂದು ಕೋಟಿ ನಿರಾಶ್ರಿತರು ಭಾರತಕ್ಕೆ ಬಂದರು. ಪಶ್ಚಿಮ ಬಂಗಾಳದ ಗಡಿಯಲ್ಲಿರುವ ಬನಗಾಂವ್ ಪಟ್ಟಣದ ಶಿಬಿರಗಳಲ್ಲಿ ಮಳೆಗಾಲದ ಜೊತೆಗೆ ಕಾಲರಾ ಕಾಲಿಟ್ಟಿತು. ಆಸ್ಪತ್ರೆಯ ಹಾಸಿಗೆಗಳು ತುಂಬಿ ರೋಗಿಗಳು ನೆಲದ ಮೇಲೆ ಮಲಗಿದ್ದರು. ರಕ್ತನಾಳಕ್ಕೆ ಕೊಡುವ ದ್ರವದ ದಾಸ್ತಾನು ಮುಗಿಯುತ್ತ ಬಂದಿತ್ತು. ಮೂವರು ರೋಗಿಗಳಲ್ಲಿ ಒಬ್ಬರು ಸಾಯುವ ಪರಿಸ್ಥಿತಿ.

ಅಲ್ಲಿ ಚಿಕಿತ್ಸೆಯ ಹೊಣೆ ಹೊತ್ತಿದ್ದವರು ಡಾ. ದಿಲೀಪ್ ಮಹಲನಬಿಸ್ ಎಂಬ ಮಕ್ಕಳ ವೈದ್ಯರು. ಕಲ್ಕತ್ತೆಯಲ್ಲಿದ್ದ ತಮ್ಮ ಸಂಶೋಧನಾ ಕೇಂದ್ರದಲ್ಲಿ ಅವರೂ ಅವರ ಸಹೋದ್ಯೋಗಿಗಳೂ ಗ್ಲೂಕೋಸ್, ಅಡುಗೆ ಉಪ್ಪು, ಅಡುಗೆ ಸೋಡಾ ಇಷ್ಟನ್ನೇ ತೂಗಿ ಪ್ಲಾಸ್ಟಿಕ್ ಚೀಲಗಳಲ್ಲಿ ತುಂಬಿಸಿದರು. ಒಂದು ಲೀಟರ್ ನೀರಿಗೆ 22 ಗ್ರಾಂ ಗ್ಲೂಕೋಸ್, 3.5 ಗ್ರಾಂ ಉಪ್ಪು, 2.5 ಗ್ರಾಂ ಸೋಡಾ. ಶಿಬಿರದಲ್ಲಿ ಅದನ್ನು ನೀರಿಗೆ ಬೆರೆಸಿ, ರೋಗಿಗಳ ತಾಯಿಗೆ, ಅಣ್ಣನಿಗೆ, ಗಂಡನಿಗೆ ಲೋಟ ಕೊಟ್ಟು, ಕುಡಿಸುತ್ತಲೇ ಇರಿ ಎಂದರು. ದಾದಿಯರ ಕೆಲಸವನ್ನು ಮನೆಯವರೇ ಮಾಡಿದರು.

ಇದು ಹಗುರವಾದ ನಿರ್ಧಾರವಾಗಿರಲಿಲ್ಲ. ವೈದ್ಯಶಾಸ್ತ್ರದ ಅಂದಿನ ಪದ್ಧತಿ ಇದನ್ನು ಇನ್ನೂ ಒಪ್ಪಿರಲಿಲ್ಲ. ವಿಫಲವಾಗಿದ್ದರೆ ಸತ್ತವರ ಲೆಕ್ಕವನ್ನು ಅವರೇ ಹೇಳಬೇಕಾಗುತ್ತಿತ್ತು. ಆದರೆ ಅವರ ಚಿಕಿತ್ಸೆಗೆ ಒಳಗಾದವರಲ್ಲಿ ಸಾವಿನ ಪ್ರಮಾಣ ಶೇಕಡ 30ರ ಆಸುಪಾಸಿನಿಂದ ಶೇಕಡ 3.6ಕ್ಕೆ ಇಳಿಯಿತು. 1978ರಲ್ಲಿ ವಿಶ್ವ ಆರೋಗ್ಯ ಸಂಸ್ಥೆ ಭೇದಿ ರೋಗ ನಿಯಂತ್ರಣದ ಜಾಗತಿಕ ಕಾರ್ಯಕ್ರಮವನ್ನು ಆರಂಭಿಸಿದಾಗ ಅದರ ಕೇಂದ್ರದಲ್ಲಿದ್ದುದು ಈ ದ್ರಾವಣವೇ. ಇಂದು ನಾವು ಅದನ್ನು ಓ.ಆರ್.ಎಸ್. ಎಂದು ಕರೆಯುತ್ತೇವೆ. ಡಾ. ಮಹಲನಬಿಸ್ 2022ರ ಅಕ್ಟೋಬರ್‌ನಲ್ಲಿ ನಿಧನರಾದರು. 2023ರಲ್ಲಿ ಭಾರತ ಸರ್ಕಾರ ಅವರಿಗೆ ಮರಣೋತ್ತರವಾಗಿ ಪದ್ಮವಿಭೂಷಣ ನೀಡಿತು.

ಚಿಟಿಕೆ ಉಪ್ಪು, ಹಿಡಿ ಬೆಲ್ಲ

ಔಷಧಿ ಸಿಕ್ಕಿತು ಎಂದಾಕ್ಷಣ ಕಥೆ ಮುಗಿಯಲಿಲ್ಲ. ಪ್ರಯೋಗಾಲಯದಿಂದ ಗುಡಿಸಲಿನವರೆಗಿನ ದಾರಿ ಬಲು ಉದ್ದ.

ಸ್ವತಂತ್ರ ಬಾಂಗ್ಲಾದೇಶದಲ್ಲಿ ಫಜ್ಲೆ ಹಸನ್ ಅಬೇದ್ ಅವರು ಸ್ಥಾಪಿಸಿದ ‘ಬ್ರ್ಯಾಕ್’ ಎಂಬ ಸಂಸ್ಥೆ ಈ ದಾರಿಯನ್ನು ಕಾಲ್ನಡಿಗೆಯಲ್ಲಿ ಸವೆಸಿತು. ಪೊಟ್ಟಣ ಎಲ್ಲ ಹಳ್ಳಿಗೂ ತಲುಪದು. ಉಪ್ಪು ಬೆಲ್ಲ ಎಲ್ಲ ಮನೆಯಲ್ಲೂ ಇದೆ. ಮೂರು ಬೆರಳಿನಲ್ಲಿ ಹಿಡಿದ ಒಂದು ಚಿಟಿಕೆ ಉಪ್ಪು, ಒಂದು ಹಿಡಿ ಬೆಲ್ಲ, ಅರ್ಧ ಸೇರು ನೀರು. ಇದನ್ನು ಕಲಿಸಲು ಹಳ್ಳಿಯ ಹೆಣ್ಣುಮಕ್ಕಳೇ ತಂಡ ಕಟ್ಟಿಕೊಂಡು ಮನೆ ಮನೆಗೆ ಹೋದರು. 1980ರಿಂದ 1990ರವರೆಗೆ, ಹತ್ತು ವರ್ಷಗಳಲ್ಲಿ, ಸುಮಾರು 1 ಕೋಟಿ 20 ಲಕ್ಷ ಮನೆಗಳ ತಾಯಂದಿರಿಗೆ ಕಲಿಸಿದರು.

ಕಲಿಸುವ ರೀತಿಯಲ್ಲಿಯೂ ಜಾಣ್ಮೆಯಿತ್ತು. ಕಾರ್ಯಕರ್ತೆ ಉಪನ್ಯಾಸ ಮಾಡಿ ಹೋಗುವಂತಿರಲಿಲ್ಲ. ತಾಯಿ ತನ್ನ ಕೈಯಿಂದಲೇ ದ್ರಾವಣ ಮಾಡಿ ತೋರಿಸಬೇಕಿತ್ತು. ಕೆಲವು ವಾರಗಳ ನಂತರ ಬೇರೊಬ್ಬರು ಬಂದು ಆ ತಾಯಂದಿರಲ್ಲಿ ಕೆಲವರನ್ನು ಪ್ರಶ್ನಿಸುತ್ತಿದ್ದರು. ಅವರು ಎಷ್ಟು ನೆನಪಿಟ್ಟುಕೊಂಡಿದ್ದಾರೋ ಅದಕ್ಕೆ ತಕ್ಕಂತೆ ಕಾರ್ಯಕರ್ತೆಗೆ ಸಂಬಳ! ವಿದ್ಯಾರ್ಥಿಯ ಅಂಕದ ಮೇಲೆ ಮೇಷ್ಟರ ಸಂಬಳ ನಿಂತರೆ ಹೇಗಿರುತ್ತದೆ, ಯೋಚಿಸಿ.

ಆದರೂ ಮೊದಮೊದಲು ಒಂದು ತೊಡಕು ಎದುರಾಯಿತು. ತಾಯಂದಿರು ಪಾಠ ಒಪ್ಪಿಸುತ್ತಿದ್ದರು. ಮಗುವಿಗೆ ಭೇದಿಯಾದಾಗ ಮಾತ್ರ ಅದನ್ನು ಬಳಸುತ್ತಿರಲಿಲ್ಲ. ವಿಚಾರಿಸಿದಾಗ, ಕಲಿಸುವವರಲ್ಲೇ ಹಲವರಿಗೆ ಅದರಲ್ಲಿ ನಂಬಿಕೆ ಇಲ್ಲವೆಂದು ತಿಳಿಯಿತು. ಆಗ ಸಂಸ್ಥೆಯವರು ಕಾರ್ಯಕರ್ತರಿಗೆ ದ್ರಾವಣ ಕೆಲಸ ಮಾಡುವ ಬಗೆಯನ್ನು ವಿವರಿಸಿದರು. ಢಾಕಾದ ಆಸ್ಪತ್ರೆಗೆ ಕರೆದೊಯ್ದು ರೋಗಿಗಳು ಚೇತರಿಸಿಕೊಳ್ಳುವುದನ್ನು ಕಣ್ಣಾರೆ ತೋರಿಸಿದರು. ಗಂಡಸರನ್ನು ಹೊರಗಿಟ್ಟರೆ ಕೆಲಸ ಸಾಗದೆಂದು ಅರಿತು ಮಸೀದಿ, ಸಂತೆ, ಶಾಲೆಗಳಲ್ಲೂ ತಿಳಿವಳಿಕೆ ಕೊಟ್ಟರು. ಬಳಕೆ ಹೆಚ್ಚಿತು. 1990ರಲ್ಲಿ ಸಾವಿರಕ್ಕೆ 140ಕ್ಕೂ ಹೆಚ್ಚಿದ್ದ ಬಾಂಗ್ಲಾದೇಶದ ಮಕ್ಕಳ ಮರಣ ದರ 2022ರ ವೇಳೆಗೆ 30ರ ಆಸುಪಾಸಿಗೆ ಇಳಿದಿತ್ತು. ಅದಕ್ಕೆ ಓ.ಆರ್.ಎಸ್. ಒಂದೇ ಕಾರಣವಲ್ಲ, ಲಸಿಕೆ, ಹೆಣ್ಣುಮಕ್ಕಳ ವಿದ್ಯಾಭ್ಯಾಸ, ಕುಟುಂಬ ಯೋಜನೆ ಎಲ್ಲವೂ ಸೇರಿವೆ. ಬಡ ದೇಶವೊಂದು ಶ್ರೀಮಂತವಾಗುವವರೆಗೆ ಕಾಯದೆ ತನ್ನ ಮಕ್ಕಳನ್ನು ಉಳಿಸಿಕೊಳ್ಳಬಹುದೆಂಬುದನ್ನು ಅದು ತೋರಿಸಿಕೊಟ್ಟಿತು.

ಯುದ್ಧ ನಿಲ್ಲಿಸಿದ ಲಸಿಕೆ

1980ರ ದಶಕದಲ್ಲಿ ವಿಶ್ವಸಂಸ್ಥೆಯ ಮಕ್ಕಳ ನಿಧಿ, ಅಂದರೆ ಯುನಿಸೆಫ್, ಜೇಮ್ಸ್ ಗ್ರಾಂಟ್ ಅವರ ನೇತೃತ್ವದಲ್ಲಿ ನಾಲ್ಕು ಸರಳ ಕ್ರಮಗಳನ್ನು ಮುಂದಿಟ್ಟಿತು: ಮಗುವಿನ ತೂಕವನ್ನು ಆಗಾಗ ನೋಡುವುದು, ಭೇದಿಗೆ ಓ.ಆರ್.ಎಸ್., ಎದೆಹಾಲು ಮತ್ತು ಲಸಿಕೆ. ಇವುಗಳಲ್ಲಿ ಲಸಿಕೆಯದು ಒಂದು ಮಹಾ ಅಧ್ಯಾಯ. 1974ರಲ್ಲಿ ವಿಶ್ವ ಆರೋಗ್ಯ ಸಂಸ್ಥೆ ವಿಸ್ತೃತ ಲಸಿಕಾ ಕಾರ್ಯಕ್ರಮವನ್ನು ಆರಂಭಿಸಿತು. 2024ರಲ್ಲಿ ಅದಕ್ಕೆ ಐವತ್ತು ತುಂಬಿದಾಗ ಪ್ರಕಟವಾದ ಅಧ್ಯಯನದ ಅಂದಾಜಿನಂತೆ, ಈ ಅವಧಿಯಲ್ಲಿ ಲಸಿಕೆಗಳು ಉಳಿಸಿದ ಜೀವಗಳು 15 ಕೋಟಿ 40 ಲಕ್ಷ. ಅವುಗಳಲ್ಲಿ ಅರ್ಧಕ್ಕಿಂತ ಹೆಚ್ಚು ದಡಾರದ ಲಸಿಕೆಯೊಂದರಿಂದಲೇ ಉಳಿದವು.

ಮಧ್ಯ ಅಮೆರಿಕದ ಎಲ್ ಸಾಲ್ವಡಾರ್ ದೇಶದಲ್ಲಿ ಅಂತರ್ಯುದ್ಧ ನಡೆಯುತ್ತಿತ್ತು. 1985ರಲ್ಲಿ ಸರ್ಕಾರಿ ಸೇನೆ ಮತ್ತು ಬಂಡುಕೋರರು ಮೂರು ದಿನ ಬಂದೂಕು ಕೆಳಗಿಡಲು ಒಪ್ಪಿದರು. ಆ ಮೂರು ದಿನ ಎರಡೂ ಕಡೆಯ ಮಕ್ಕಳಿಗೆ ಲಸಿಕೆ ಹಾಕಲಾಯಿತು. ಯಾವ ಮಾತುಕತೆಗೂ ಒಪ್ಪದವರು ಮಕ್ಕಳ ವಿಷಯಕ್ಕೆ ಒಪ್ಪಿದ್ದರು.

ನಮ್ಮ ದೇಶದಲ್ಲಿ ಸಾರ್ವತ್ರಿಕ ಲಸಿಕಾ ಕಾರ್ಯಕ್ರಮ 1985ರಲ್ಲಿ ಆರಂಭವಾಯಿತು. ಭಾರತದ ಕೊನೆಯ ಪೋಲಿಯೊ ಪ್ರಕರಣ ಪತ್ತೆಯಾದದ್ದು 2011ರ ಜನವರಿಯಲ್ಲಿ, ಹೌರಾದಲ್ಲಿ. 2014ರ ಮಾರ್ಚ್‌ನಲ್ಲಿ ಭಾರತ ಪೋಲಿಯೊಮುಕ್ತವೆಂದು ದೃಢೀಕರಿಸಲ್ಪಟ್ಟಿತು. ಭೇದಿಗೆ ಪ್ರಮುಖ ಕಾರಣವಾದ ರೋಟಾ ವೈರಸ್ಸಿನ ವಿರುದ್ಧ ಲಸಿಕೆಯನ್ನೂ ನಮ್ಮವರೇ ಸಿದ್ಧಪಡಿಸಿದರು. 2016ರಿಂದ ಅದು ನಮ್ಮ ಲಸಿಕಾ ಪಟ್ಟಿಯಲ್ಲಿ ಸೇರಿದೆ. ಆ ಸಂಶೋಧನೆಯ ಆರಂಭದಲ್ಲಿ ಎರಡು ವೈರಸ್ ತಳಿಗಳನ್ನು ಪರಿಶೀಲಿಸಲಾಗಿತ್ತು. ಒಂದು ದೆಹಲಿಯ ನವಜಾತ ಶಿಶುಗಳಲ್ಲಿ ದೊರೆತದ್ದು, ಇನ್ನೊಂದು ಬೆಂಗಳೂರಿನ ಶಿಶುಗಳಲ್ಲಿ ದೊರೆತದ್ದು. ಕೊನೆಗೆ ಲಸಿಕೆಯಾದದ್ದು ದೆಹಲಿಯ ತಳಿ.

ಮೊದಲ ಇಪ್ಪತ್ತೆಂಟು ದಿನ

ಹಾಗಾದರೆ ಇಂದು ಮಕ್ಕಳು ಸಾಯುತ್ತಿರುವುದು ಯಾವುದರಿಂದ? 2022ರಲ್ಲಿ ತೀರಿಕೊಂಡ 49 ಲಕ್ಷದಲ್ಲಿ 23 ಲಕ್ಷ ಶಿಶುಗಳು ಹುಟ್ಟಿದ ಮೊದಲ 28 ದಿನಗಳೊಳಗೇ ಹೋದವು. ದಿನ ತುಂಬುವ ಮುಂಚೆ ಹುಟ್ಟುವುದು, ಹೆರಿಗೆಯ ಹೊತ್ತಿನಲ್ಲಿ ಉಸಿರು ಸಿಗದಿರುವುದು, ಸೋಂಕು ಇವು ಮುಖ್ಯ ಕಾರಣಗಳು. ತಿಂಗಳು ದಾಟಿದ ಮಕ್ಕಳಲ್ಲಿ ನ್ಯುಮೋನಿಯಾ, ಭೇದಿ, ಮಲೇರಿಯಾ. ಇವೆಲ್ಲದರ ಹಿನ್ನೆಲೆಯಲ್ಲಿ ಹಸಿವು. ಐದು ವರ್ಷದೊಳಗಿನ ಮಕ್ಕಳ ಸಾವುಗಳಲ್ಲಿ ಸರಿಸುಮಾರು ಅರ್ಧದಷ್ಟಕ್ಕೆ ಅಪೌಷ್ಟಿಕತೆಯ ನಂಟಿದೆ.

ಇಲ್ಲಿಯೂ ಸರಳ ಉಪಾಯಗಳು ಕೆಲಸ ಮಾಡಿವೆ. ಕೊಲಂಬಿಯಾದ ಬೊಗೊಟಾ ನಗರದ ಆಸ್ಪತ್ರೆಯೊಂದರಲ್ಲಿ 1978ರಲ್ಲಿ ಬೆಚ್ಚಗಿಡುವ ಪೆಟ್ಟಿಗೆಗಳು ಸಾಲದಾದಾಗ, ಎಡ್ಗರ್ ರೇ ಎಂಬ ವೈದ್ಯರು ಕಡಿಮೆ ತೂಕದ ಶಿಶುಗಳನ್ನು ತಾಯಿಯ ಎದೆಗೇ ಒತ್ತಿ ಕಟ್ಟಿಸಿದರು. ಕಾಂಗರೂ ತನ್ನ ಮರಿಯನ್ನು ಸಾಕುವ ಹಾಗೆ. ತಾಯಿಯ ಮೈಬಿಸಿಯಲ್ಲಿ, ಎದೆಹಾಲಿನಲ್ಲಿ ಶಿಶುಗಳು ಬೆಳೆದವು. ಭಾರತವೂ ಸೇರಿ ಐದು ದೇಶಗಳಲ್ಲಿ ನಡೆದು 2021ರಲ್ಲಿ ಪ್ರಕಟವಾದ ಪರೀಕ್ಷೆಯಲ್ಲಿ, ಹುಟ್ಟಿದ ಕೂಡಲೇ ಹೀಗೆ ಮಾಡಿದರೆ ನವಜಾತ ಶಿಶುಗಳ ಸಾವು ಶೇಕಡ 25ರಷ್ಟು ತಗ್ಗುತ್ತದೆಂದು ಕಂಡುಬಂತು. ನಮ್ಮ ಕೊಪ್ಪಳ ಜಿಲ್ಲೆಯ ಆಸ್ಪತ್ರೆಗಳಲ್ಲೂ ಈ ಕಾಂಗರೂ ಆರೈಕೆಯನ್ನು ವ್ಯವಸ್ಥಿತವಾಗಿ ಜಾರಿಗೆ ತರುವ ಕೆಲಸ ನಡೆದಿದೆ.

ಇನ್ನೊಂದು ಉದಾಹರಣೆ ನೆರೆಯ ಮಹಾರಾಷ್ಟ್ರದ ಗಡಚಿರೋಲಿಯದು. ಅಲ್ಲಿ ವೈದ್ಯ ದಂಪತಿ ಅಭಯ್ ಬಂಗ್ ಮತ್ತು ರಾಣಿ ಬಂಗ್ ಅವರು 39 ಹಳ್ಳಿಗಳಲ್ಲಿ ಹಳ್ಳಿಯ ಹೆಂಗಸರಿಗೇ ನವಜಾತ ಶಿಶುವಿನ ಆರೈಕೆಯನ್ನು ಕಲಿಸಿದರು: ಶಿಶುವನ್ನು ಬೆಚ್ಚಗಿಡುವುದು, ತೂಕ ನೋಡುವುದು, ಉಸಿರು ನಿಂತರೆ ಮಾಡಬೇಕಾದ್ದು, ಸೋಂಕಿನ ಗುರುತು ಕಂಡರೆ ಔಷಧಿ ಕೊಡುವುದು. 1999ರಲ್ಲಿ ಪ್ರಕಟವಾದ ಫಲಿತಾಂಶದಂತೆ ಅಲ್ಲಿ ನವಜಾತ ಶಿಶುಗಳ ಮರಣ ಶೇಕಡ 62ರಷ್ಟು ಇಳಿದಿತ್ತು. ಇಂದು ನಮ್ಮ ಆಶಾ ಕಾರ್ಯಕರ್ತೆಯರು ಬಾಣಂತಿಯ ಮನೆಗೆ ಬಂದು ಮಗುವನ್ನು ನೋಡಿ ಹೋಗುವ ಪದ್ಧತಿಗೆ ಈ ಕೆಲಸ ಪ್ರೇರಣೆ.

ನ್ಯುಮೋನಿಯಾವನ್ನು ಗುರುತಿಸಲು ಹಳ್ಳಿಯಲ್ಲಿ ಎಕ್ಸ್‌ರೇ ಬೇಕಿಲ್ಲ. ಕೆಮ್ಮುತ್ತಿರುವ ಮಗುವಿನ ಉಸಿರನ್ನು ಒಂದು ನಿಮಿಷ ಎಣಿಸಿದರೆ ಸಾಕು. ಎರಡು ತಿಂಗಳೊಳಗಿನ ಶಿಶುವಿನಲ್ಲಿ 60 ಅಥವಾ ಹೆಚ್ಚು, ಎರಡು ತಿಂಗಳಿಂದ ಒಂದು ವರ್ಷದವರೆಗೆ 50 ಅಥವಾ ಹೆಚ್ಚು, ಒಂದರಿಂದ ಐದು ವರ್ಷದವರೆಗೆ 40 ಅಥವಾ ಹೆಚ್ಚು ಇದ್ದರೆ ತಡಮಾಡದೆ ಆರೋಗ್ಯ ಕೇಂದ್ರಕ್ಕೆ ಕರೆದೊಯ್ಯಬೇಕು. ಈ ಮೂರು ಸಂಖ್ಯೆಗಳನ್ನು ನಿಮ್ಮ ಟಿಪ್ಪಣಿ ಪುಸ್ತಕದಲ್ಲಿ ಬರೆದಿಟ್ಟುಕೊಳ್ಳಿ.

ನಾವು ಎಲ್ಲಿದ್ದೇವೆ?

ನಮ್ಮ ರಾಜ್ಯಕ್ಕೆ ಈ ಕಥೆಯಲ್ಲಿ ಹಳೆಯ ಪಾತ್ರವೊಂದಿದೆ. 1975ರ ಅಕ್ಟೋಬರ್ 2ರಂದು ದೇಶದ 33 ಕಡೆ ಸಮಗ್ರ ಶಿಶು ಅಭಿವೃದ್ಧಿ ಯೋಜನೆ ಪ್ರಾರಂಭವಾದಾಗ ಮೈಸೂರು ಜಿಲ್ಲೆಯ ತಿರುಮಕೂಡಲು ನರಸೀಪುರ ಅವುಗಳಲ್ಲಿ ಒಂದಾಗಿತ್ತು. ಇಂದು ಊರೂರಿನಲ್ಲಿರುವ ಅಂಗನವಾಡಿಗಳ ಮೂಲ ಅದು.

2019–21ರ ರಾಷ್ಟ್ರೀಯ ಕುಟುಂಬ ಆರೋಗ್ಯ ಸಮೀಕ್ಷೆಯ ಪ್ರಕಾರ ಭಾರತದಲ್ಲಿ ಐದು ವರ್ಷದೊಳಗಿನ ಮಕ್ಕಳ ಮರಣ ದರ ಸಾವಿರಕ್ಕೆ ಸುಮಾರು 42. ಕರ್ನಾಟಕದಲ್ಲಿ 29.5. ಕೇರಳದಲ್ಲಿ 5.2, ಉತ್ತರ ಪ್ರದೇಶದಲ್ಲಿ 59.8. ಒಂದೇ ದೇಶ, ಒಂದೇ ಸಂವಿಧಾನ. ಆದರೂ ಹುಟ್ಟಿದ ಊರಿನ ಮೇಲೆ ಸಾವಿನ ಅಪಾಯ ಹನ್ನೊಂದು ಪಟ್ಟು ಬದಲಾಗುತ್ತದೆ. ಕೇರಳ ದೇಶದ ಅತಿ ಶ್ರೀಮಂತ ರಾಜ್ಯವೆಂದು ಯಾರೂ ಹೇಳುವುದಿಲ್ಲ. ಅಲ್ಲಿ ಹೆಣ್ಣುಮಕ್ಕಳು ಮೊದಲೇ ಶಾಲೆಗೆ ಹೋದರು. ಆರೋಗ್ಯ ಕೇಂದ್ರಗಳು ಹಳ್ಳಿಗಳ ಹತ್ತಿರವೇ ಇದ್ದವು. ನಮ್ಮ ರಾಜ್ಯದ ಲೆಕ್ಕ ದೇಶದ ಸರಾಸರಿಗಿಂತ ಮೇಲಾಗಿದೆಯೆಂದು ಸಮಾಧಾನ ಪಡುವಂತಿಲ್ಲ. ಅದೇ ಸಮೀಕ್ಷೆಯಲ್ಲಿ ಕರ್ನಾಟಕದ ಐದು ವರ್ಷದೊಳಗಿನ ಮಕ್ಕಳಲ್ಲಿ ಮೂರನೇ ಒಂದು ಭಾಗಕ್ಕೂ ಹೆಚ್ಚು ಮಂದಿ ವಯಸ್ಸಿಗೆ ತಕ್ಕ ಎತ್ತರ ಬೆಳೆದಿರಲಿಲ್ಲ.

ಜಗತ್ತಿನ ಚಿತ್ರವೂ ಹೀಗೆಯೇ. 2022ರಲ್ಲಿ ಜಪಾನ್, ಫಿನ್ಲೆಂಡ್ ಮುಂತಾದ ದೇಶಗಳಲ್ಲಿ ಸಾವಿರಕ್ಕೆ ಎರಡು ಮೂರು ಮಕ್ಕಳು ತೀರಿಕೊಂಡರೆ, ನೈಜೀರಿಯಾ, ನೈಜರ್, ಸೊಮಾಲಿಯಾಗಳಲ್ಲಿ ನೂರಕ್ಕೂ ಹೆಚ್ಚು. ಒಟ್ಟು ಸಾವುಗಳಲ್ಲಿ ಅರ್ಧಕ್ಕಿಂತ ಹೆಚ್ಚು ಸಹಾರಾ ಮರುಭೂಮಿಯ ದಕ್ಷಿಣದ ಆಫ್ರಿಕಾದಲ್ಲಿ, ಸುಮಾರು ಕಾಲು ಭಾಗ ದಕ್ಷಿಣ ಏಷ್ಯಾದಲ್ಲಿ. ಆದರೆ ಅದೇ ಆಫ್ರಿಕಾದ ರುವಾಂಡಾ ಮತ್ತು ಮಲಾವಿ 2000ದಿಂದ 2022ರ ನಡುವೆ ತಮ್ಮ ಮಕ್ಕಳ ಮರಣ ದರವನ್ನು ಮುಕ್ಕಾಲು ಪಾಲಿಗಿಂತಲೂ ಹೆಚ್ಚು ಇಳಿಸಿಕೊಂಡವು. ಬಡತನ ಅಡ್ಡಿ ನಿಜ. ದಾಟಲಾಗದ ಅಡ್ಡಿ ಅಲ್ಲ.

ನೀವು ತಿಳಿದಿರಬೇಕಾದ್ದು

ಜಗತ್ತಿನಲ್ಲಿ ಇಂದಿಗೂ ವರ್ಷಕ್ಕೆ ಸುಮಾರು 4 ಲಕ್ಷ 40 ಸಾವಿರ ಮಕ್ಕಳು ಭೇದಿಯಿಂದ ಸಾಯುತ್ತಿದ್ದಾರೆ ಎಂಬುದು ವಿಶ್ವ ಆರೋಗ್ಯ ಸಂಸ್ಥೆಯ ಅಂದಾಜು. ನಮ್ಮ ದೇಶದಲ್ಲಿ ಭೇದಿಯಾದ ಪ್ರತಿ ಐದು ಮಕ್ಕಳಲ್ಲಿ ಮೂವರಿಗಷ್ಟೇ ಓ.ಆರ್.ಎಸ್. ಸಿಗುತ್ತಿದೆ ಎಂದು ಮೇಲೆ ಹೇಳಿದ ಸಮೀಕ್ಷೆ ತಿಳಿಸುತ್ತದೆ. ಉಳಿದ ಇಬ್ಬರ ಪಕ್ಕದ ಮನೆಯಲ್ಲಿ ನೀವಿರಬಹುದು.

ಆದ್ದರಿಂದ ಕೇಳಿಸಿಕೊಳ್ಳಿ. ಒಂದು ಲೀಟರಿನ ಪೊಟ್ಟಣವನ್ನು ಪೂರ್ತಿಯಾಗಿ ಒಂದು ಲೀಟರ್ ಶುದ್ಧ ನೀರಿಗೇ ಬೆರೆಸಬೇಕು. ಅರ್ಧ ಪೊಟ್ಟಣ ಅರ್ಧ ಲೀಟರಿಗೆ ಎಂಬ ಅಂದಾಜು ಬೇಡ. ಪೊಟ್ಟಣ ಸಿಗದಿದ್ದರೆ ಒಂದು ಲೀಟರ್ ಶುದ್ಧ ನೀರಿಗೆ ಆರು ಟೀ ಚಮಚ ಸಕ್ಕರೆ, ಅರ್ಧ ಟೀ ಚಮಚ ಉಪ್ಪು. ಚಮಚ ಗೋಪುರವಾಗದೆ ಸಮತಟ್ಟಾಗಿರಲಿ. ಸ್ವಲ್ಪ ಸ್ವಲ್ಪವಾಗಿ, ಮತ್ತೆ ಮತ್ತೆ ಕುಡಿಸಿ. ವಾಂತಿಯಾದರೆ ಹತ್ತು ನಿಮಿಷ ಬಿಟ್ಟು ನಿಧಾನವಾಗಿ ಮುಂದುವರಿಸಿ. 24 ಗಂಟೆಯ ನಂತರ ಉಳಿದದ್ದನ್ನು ಚೆಲ್ಲಿಬಿಡಿ. ಎದೆಹಾಲನ್ನೂ ಊಟವನ್ನೂ ನಿಲ್ಲಿಸಬೇಡಿ. ಜೊತೆಗೆ ವೈದ್ಯರ ಸಲಹೆಯಂತೆ 10ರಿಂದ 14 ದಿನ ಸತುವಿನ ಮಾತ್ರೆ ಕೊಡಬೇಕು. ಮಲದಲ್ಲಿ ರಕ್ತ ಕಂಡರೆ, ಮಗು ಕುಡಿಯಲಾರದೆ ಮಂಕಾಗಿ ಮಲಗಿದರೆ, ಕಣ್ಣು ಗುಳಿ ಬಿದ್ದರೆ ಕೂಡಲೇ ಆಸ್ಪತ್ರೆಗೆ ಹೊರಡಿ. ದಾರಿಯುದ್ದಕ್ಕೂ ದ್ರಾವಣ ಕುಡಿಸುತ್ತಿರಿ.

ಇನ್ನೊಂದು ಎಚ್ಚರಿಕೆ. ಓ.ಆರ್.ಎಸ್. ಎಂಬ ಅಕ್ಷರಗಳನ್ನು ಹೊತ್ತು, ಸಕ್ಕರೆಯೇ ಹೆಚ್ಚಾಗಿರುವ ಸಿಹಿ ಪಾನೀಯಗಳು ಅಂಗಡಿಗಳಲ್ಲಿ ಮಾರಾಟವಾಗುತ್ತಿದ್ದವು. ವಿಶ್ವ ಆರೋಗ್ಯ ಸಂಸ್ಥೆಯ ಸೂತ್ರಕ್ಕೆ ಹೊಂದದ ಪಾನೀಯಗಳ ಹೆಸರಿನಲ್ಲಿ ಆ ಪದವನ್ನು ಬಳಸಕೂಡದೆಂದು ಭಾರತದ ಆಹಾರ ಸುರಕ್ಷತಾ ಪ್ರಾಧಿಕಾರ 2025ರ ಅಕ್ಟೋಬರ್‌ನಲ್ಲಿ ಆದೇಶಿಸಿತು. ಹೆಚ್ಚು ಸಕ್ಕರೆ ಏನು ಮಾಡುತ್ತದೆಂಬುದು ನಿಮಗೆ ಈಗ ಗೊತ್ತಿದೆ. ಕೊಳ್ಳುವಾಗ ಪೊಟ್ಟಣದ ಮೇಲಿನ ಸೂತ್ರವನ್ನು ಓದಿ.

ವಿದ್ಯಾರ್ಥಿ ಮಿತ್ರರೇ, 2030ರ ವೇಳೆಗೆ ಪ್ರತಿಯೊಂದು ದೇಶವೂ ಐದು ವರ್ಷದೊಳಗಿನ ಮಕ್ಕಳ ಮರಣ ದರವನ್ನು ಸಾವಿರಕ್ಕೆ 25 ಅಥವಾ ಅದಕ್ಕಿಂತ ಕೆಳಗೆ ತರಬೇಕೆಂದು ವಿಶ್ವಸಂಸ್ಥೆಯಲ್ಲಿ ಒಪ್ಪಿಕೊಂಡಿವೆ. ಆದರೆ 2025ರಲ್ಲಿ ಹಲವು ಶ್ರೀಮಂತ ರಾಷ್ಟ್ರಗಳು ಬಡ ದೇಶಗಳಿಗೆ ಕೊಡುತ್ತಿದ್ದ ಆರೋಗ್ಯ ನೆರವನ್ನು ಕಡಿತ ಮಾಡಿದವು. 2024ರಲ್ಲಿ ಜಗತ್ತಿನ 1 ಕೋಟಿ 43 ಲಕ್ಷ ಶಿಶುಗಳಿಗೆ ಒಂದೇ ಒಂದು ಲಸಿಕೆಯೂ ಸಿಗಲಿಲ್ಲ. ಇಳಿಯುತ್ತಿರುವ ಸಂಖ್ಯೆ ತಾನಾಗಿಯೇ ಇಳಿಯುತ್ತ ಹೋಗುತ್ತದೆಂದು ಯಾರೂ ಭರವಸೆ ಕೊಟ್ಟಿಲ್ಲ. ಅದನ್ನು ಇಳಿಸಿದವರು ಇದ್ದರು. ಮುಂದೆಯೂ ಇಳಿಸುವವರು ಬೇಕು.

ನಿಮ್ಮಲ್ಲಿ ಕೆಲವರು ವೈದ್ಯರಾಗುತ್ತೀರಿ, ಕೆಲವರು ದಾದಿಯರು, ಶಿಕ್ಷಕರು, ಅಧಿಕಾರಿಗಳು. ಬಹಳ ಮಂದಿ ತಾಯಿತಂದೆಯರಾಗುತ್ತೀರಿ. ಅದಕ್ಕೆ ಇನ್ನೂ ವರ್ಷಗಳಿವೆ. ಇಂದು ಸಂಜೆಯೇ ಮಾಡಬಹುದಾದ ಕೆಲಸವೊಂದಿದೆ. ಮನೆಯಲ್ಲಿ ಒಂದು ಲೀಟರ್ ನೀರು ಅಳೆದು, ಸಕ್ಕರೆ ಉಪ್ಪು ಹಾಕಿ, ದ್ರಾವಣ ಮಾಡಿ, ರುಚಿ ನೋಡಿ. ಕಣ್ಣೀರಿಗಿಂತ ಹೆಚ್ಚು ಉಪ್ಪಾಗಿರಬಾರದು. ನಂತರ ಪಕ್ಕದ ಮನೆಯ ಎಳೆಯ ತಾಯಿಯೊಬ್ಬಳಿಗೆ, ಆಕೆಯ ಕೈಯಿಂದಲೇ ಮಾಡಿಸಿ ತೋರಿಸಿ. ಬಾಂಗ್ಲಾದೇಶದ ಆ ಹೆಣ್ಣುಮಕ್ಕಳು ಮಾಡಿದ್ದು ಇಷ್ಟನ್ನೇ, ಕೋಟಿ ಮನೆಗಳಲ್ಲಿ.